ಗಾಜಿನ ಮುಚ್ಚಳದಡಿಯ ಅಜ್ಜ

"ಅಮ್ಮಾ, ಅಜ್ಜ ಹೋಗ್ಬಿಟ್ಟ! ನಾನೇ ಕೊಂದೆ ಅಂತಿದಾರೆ!"

ಬಾಗಿಲು ಬಡಿದ ರಭಸಕ್ಕೆ ನನ್ನ ಲೋಟದ ಕಾಫಿಯಲ್ಲಿ ಅಲೆಯೆದ್ದು ಅಂಗಿಯ ಮೇಲೆ ಅಪ್ಪಳಿಸಿತು. ಒಳಗೆ ನುಗ್ಗಿದವಳು ತೊಟ್ಟಿಯಕ್ಕ. ನಾನೂ ಅತ್ತಿಗೆಯೂ ಬಾಡಿಗೆಗಿದ್ದದ್ದು ಕಡಲಜೀವಿಗಳ ಸಂಗ್ರಹಾಲಯದ ಮಹಡಿಯಲ್ಲಿ. ಕೆಳಗಿನ ದೊಡ್ಡ ಹಾಲ್‌ನ ಗಾಜಿನ ತೊಟ್ಟಿಗಳನ್ನೆಲ್ಲ ನೋಡಿಕೊಳ್ಳುತ್ತಿದ್ದವಳು ಅವಳು. ಅಜ್ಜ ಎಂದರೆ ಮನುಷ್ಯನಲ್ಲ, ನಡುತೊಟ್ಟಿಯ ಏಡಿ. ಆನೆಯಷ್ಟು ದೊಡ್ಡದು. ಅತ್ತಿಗೆ ಇದನ್ನು ಓದಿದರೆ "ಊಟದ ತಟ್ಟೆಯಷ್ಟು" ಎಂದು ತಿದ್ದುತ್ತಾರೆ. ಅವರು ಓದುವುದಿಲ್ಲ, ಆದ್ದರಿಂದ ಆನೆಯೇ ಇರಲಿ.

"ಕೂತ್ಕೊ ಮೊದ್ಲು," ಎಂದರು ಅತ್ತಿಗೆ. "ಸತ್ತಿದಾನಾ?"

"ಸತ್ತಿದಾನೆ ಅಂತ್ಲೇ ಅಲ್ವಾ ಅಮ್ಮಾ, ಅವ್ರೆಲ್ಲ ಹೇಳ್ತಿರೋದು!"

"ನೀನು ನೋಡಿದ್ಯಾ?"

ತೊಟ್ಟಿಯಕ್ಕ ಸೆರಗಿನಿಂದ ಮೂಗೊರೆಸಿಕೊಂಡು ನನ್ನ ಮುಖ ನೋಡಿದಳು. ಅವಳಿಗೆ ಅತ್ತಿಗೆಯ ಹಿನ್ನೆಲೆ ಗೊತ್ತಿರಲಿಲ್ಲ. ಅತ್ತಿಗೆ ವಿಮಾ ಕಂಪನಿಯಲ್ಲಿ ತನಿಖೆಯವರಾಗಿದ್ದು ನಿವೃತ್ತರಾದವರು. ದುಡ್ಡಿಗಾಗಿ ಸತ್ತಂತೆ ನಟಿಸಿದವರನ್ನು ಹುಡುಕಿ ತೆಗೆಯುವುದೇ ಅವರ ಕೆಲಸ. ಅವರು ಹಿಡಿದು ತಂದ ಸತ್ತವರನ್ನು ಸಾಲಾಗಿ ನಿಲ್ಲಿಸಿದರೆ ಒಂದು ಊರಾಗುತ್ತದೆ, ಊರಿಗೊಂದು ಬಸ್ಸೂ ಬಿಡಬೇಕಾಗುತ್ತದೆ. ಅಣ್ಣ ಹಡಗಿನ ಮೆಕ್ಯಾನಿಕ್, ಯಾವಾಗಲೂ ನೀರಿನ ಮೇಲೆ. ಹಾಗಾಗಿ ಅತ್ತಿಗೆಗೆ ಎಡಗೈ, ಬಲಗೈ, ಬಹುಪಾಲು ಮಿದುಳು ಎಲ್ಲವೂ ನಾನೇ.

ತೊಟ್ಟಿಯಕ್ಕನ ಕತೆ ಇಷ್ಟು. ಬೆಳಿಗ್ಗೆ ಅವಳು ಬರುವಷ್ಟರಲ್ಲಿ ಡೈರೆಕ್ಟರು ಅಜ್ಜನನ್ನು ಬಲೆಯಿಂದೆತ್ತಿ ಮೇಜಿನ ಮೇಲಿಟ್ಟು ಗಾಜಿನ ಮುಚ್ಚಳ ಕವುಚಿದ್ದರು. ಆ ಸಂಗ್ರಹಾಲಯದ ಪದ್ಧತಿ ಅದು: ಯಾವ ಪ್ರಾಣಿ ಸತ್ತರೂ ದೂರದ ಮುಖ್ಯ ಆಫೀಸಿನ ಅಧಿಕಾರಿ ಬಂದು ನೋಡುವ ತನಕ ಯಾರೂ ಮುಚ್ಚಳ ಎತ್ತುವಂತಿಲ್ಲ. ಅಧಿಕಾರಿ ಬರುವುದು ಸಂಜೆಗೆ. ಅವರು ಬಂದರೆ ತೊಟ್ಟಿಯಕ್ಕನ ಕೆಲಸ ಹೋಗುತ್ತದೆ. ಕೆಲಸದ ಜೊತೆ ಹಿಂದಿನ ಓಣಿಯ ಎರಡು ಕೋಣೆಯ ಮನೆಯೂ ಹೋಗಿ, ಆ ಮನೆಯಲ್ಲಿ ಹಾಸಿಗೆ ಹಿಡಿದ ಅವಳ ಅವ್ವನ ಹಾಸಿಗೆ ಬೀದಿಗೆ ಬರುತ್ತದೆ.

"ಹೊರಗಿನ ಆಮೆ ತೊಟ್ಟಿಯಿಂದ ನನ್ನ ಈ ಹಾಲ್‌ಗೆ ಹಾಕಿದ್ದೇ ಈ ಮಳೆಗಾಲದಲ್ಲಿ ಅಮ್ಮ. ಏಡಿ ಸಾಕಿ ಗೊತ್ತಿಲ್ಲ ನಂಗೆ. ಆದ್ರೂ ಮಗು ಥರ ನೋಡ್ಕೊಂಡೆ. ನಾಕಾರು ದಿನದಿಂದ ಏನು ಹಾಕಿದ್ರೂ ಮೂಸಿ ನೋಡ್ಲಿಲ್ಲ..."

"ಮೈದುನಾ, ಅಂಗಿ ಬದಲಾಯಿಸ್ಕೊ. ಕೆಳಗೆ ಹೋಗೋಣ," ಎಂದರು ಅತ್ತಿಗೆ.

ಆ ದಿನದಷ್ಟು ರೇಜಿಗೆಯ ದಿನ ನನ್ನ ಬದುಕಿನಲ್ಲಿ ಇನ್ನೊಂದಿಲ್ಲ. ಕಾರಣ ಒಂದೇ: ಪದಪ್ಪನವರು.

ಪದಪ್ಪ ಎಂಬುದು ನಾನಿಟ್ಟ ಹೆಸರು. ಕಡಲಜೀವಿಗಳ ಹೊರಹೊದಿಕೆಗಳಿಗೆಲ್ಲ ಶಾಸ್ತ್ರೀಯ ಪದಗಳನ್ನು ಕಟ್ಟುವುದು ಅವರ ಉದ್ಯೋಗ. ಅರ್ಧ ಆಯಸ್ಸು ಅದರಲ್ಲೇ ಕಳೆದಿದ್ದರು. ಉಳಿದರ್ಧ ನಮ್ಮನ್ನು ತಿದ್ದುವುದರಲ್ಲಿ. ನಮ್ಮದೇ ಮಹಡಿಯ ಕೊನೆಯ ಕೋಣೆಯಲ್ಲಿ ವಾಸ. ಕೆಳಗಿನ ಹಾಲ್‌ಗೆ ಕಾಲಿಟ್ಟಾಗ ಅವರು ಕ್ಯಾಂಟೀನಿನವನನ್ನು ಗೋಡೆಗೊರಗಿಸಿ ನಿಲ್ಲಿಸಿಕೊಂಡಿದ್ದರು.

"ಮೀನಿನ ಮೈಮೇಲಿರೋದು ಚಿಪ್ಪಲ್ಲ ಮಾರಾಯ, ಹುರುಪೆ. ಚಿಪ್ಪು ಅಂದ್ರೆ ಕಪ್ಪೆಚಿಪ್ಪಿನದು. ಅದರಲ್ಲೂ ಒಂದೊಂದು ಹೋಳಿಗೆ ಕವಾಟ ಅನ್ನಬೇಕು."

"ಆಯ್ತು ಸ್ವಾಮಿ, ಕವಾಟ. ನಂಗೆ ಒಲೆ ಮೇಲೆ ಹಾಲಿದೆ."

"ಶಂಖದ ಬಾಯಿ ಮುಚ್ಚೋದಕ್ಕೆ ಮುಚ್ಚಳಿಕೆ..."

"ನನ್ನ ಬಾಯಿ ಮುಚ್ಚೋದಕ್ಕೆ ಏನಂತಾರೆ ಸ್ವಾಮಿ?" ಎಂದು ಅವನು ಕಂಕುಳಡಿಯಿಂದ ನುಸುಳಿ ಓಡಿದ.

ಗಾಜಿನ ಮುಚ್ಚಳದಡಿ ಅಜ್ಜ ಕೊಂಬುಗಳನ್ನು ಮುಂದಕ್ಕೆ ಮಡಚಿಕೊಂಡು ಕೂತಿದ್ದ. ಕಾಲುಗಳೆಲ್ಲ ನೆಟ್ಟಗೆ, ಕಣ್ಣುಗುಡ್ಡೆಗಳ ಜಾಗದಲ್ಲಿ ಕಣ್ಣುಗುಡ್ಡೆ. ಎಲ್ಲಿಂದಲೋ ಬಂದ ಎರಡು ನೊಣಗಳು ಮೇಜಿನ ಮೇಲಿನ ಬಿಸ್ಕೆಟ್ ಚೂರಿನ ಸುತ್ತ ಸುತ್ತುತ್ತಿದ್ದವು. ಮುಚ್ಚಳದ ಅಂಚಿಗೆ ನೊಣ ಬಿಡಿ, ಇರುವೆಯೂ ಬಂದಿರಲಿಲ್ಲ. ನಾನು ಇದನ್ನು ಗಮನಿಸಿದೆ. ಅರ್ಥವಾಗಲಿಲ್ಲ ಅಷ್ಟೇ.

"ಮುಚ್ಚಳ ತೆಗೀರಿ," ಎಂದರು ಅತ್ತಿಗೆ.

"ಆಗಲ್ಲ," ಎಂದರು ಡೈರೆಕ್ಟರು. ಅವರು ಲೆಕ್ಕಪತ್ರದ ಇಲಾಖೆಯಿಂದ ಬಂದವರು. ನಿಯಮ ಬಿಟ್ಟು ಬೇರೆ ಪ್ರಾಣಿಯ ಪರಿಚಯ ಅವರಿಗಿರಲಿಲ್ಲ. "ಪದ್ಧತಿ ಪದ್ಧತೀನೇ. ನೋಡೋದೇನಿದೆ? ಉಪವಾಸ ಕೆಡವಿ ಸಾಯಿಸಿದಾಳೆ. ಬಲೆಯಲ್ಲಿ ಎತ್ತಿದ್ರೆ ಹತ್ತಿ ಎತ್ತಿದ ಹಾಗಾಯ್ತು! ಬಡಕಲಾಗಿ ಹೋಗಿತ್ತು ಪಾಪ."

"ಊಟ ಹಾಕಿದೀನಿ ಸಾರ್! ತಳದಲ್ಲಿ ಹಾಗೇ ಬಿದ್ದಿದೆ, ನೋಡಿ ಬೇಕಾದ್ರೆ!"

ನಿಜ. ನಡುತೊಟ್ಟಿಯ ತಳದಲ್ಲಿ ಮೀನಿನ ತುಣುಕುಗಳು ಹಾಗೇ ಬಿದ್ದಿದ್ದವು.

"ಮತ್ತೆ ನಿನ್ನ ನೀಲಿ ಟಬ್ಬೆಲ್ಲಿ? ಉಗ್ರಾಣದ ಹಳೇ ಗಾಳಿಪಂಪೆಲ್ಲಿ? ಎರಡೂ ಬೆಳಿಗ್ಗೆಯಿಂದ ಇಲ್ಲ. ಕೊಲೆ ಸಾಲದು ಅಂತ ಕಳ್ಳತನ ಬೇರೆ!"

ತೊಟ್ಟಿಯಕ್ಕ ಎರಡು ಕೈಯಲ್ಲೂ ತೊಟ್ಟಿಯ ಅಂಚು ಹಿಡಿದುಕೊಂಡಳು.

"ಈ ಹೆಣ ಸಿಕ್ಕಿದ್ದು ಯಾವಾಗ?" ಎಂದು ಅತ್ತಿಗೆ ಕೇಳಿದರು.

ಡೈರೆಕ್ಟರು ಬಾಯಿ ತೆರೆಯುವ ಮೊದಲೇ ಪದಪ್ಪನವರು ಮೂಗು ತೂರಿಸಿದರು. "ಹೆಣ ಅಂತ ಯಾಕ್ರೀ ಅಂತೀರಿ? ನಿರ್ಮೋಕ ಅನ್ನಿ. ಬೆನ್ನ ಮೇಲಿನ ಅಗಲದ್ದಕ್ಕೆ ಬೆನ್ನುಫಲಕ. ಕಾಲು ಕೊಂಬು ಎಲ್ಲ ಸೇರಿಸಿದ್ರೆ ಹೊರಕವಚ. ಕಡಲ ಮುಳ್ಳುಚೆಂಡಿನದಾದ್ರೆ ಒಡಲಗೂಡು. ಸುಮ್ನೆ ಎಲ್ಲಾದಕ್ಕೂ ಚಿಪ್ಪು ಚಿಪ್ಪು ಅಂತ..."

"ಯಾವಾಗ ಸಿಕ್ಕಿತು ಅಂತ ಕೇಳಿದೆ."

"ಅದು ನಂಗೇನು ಗೊತ್ತು. ಗಂಟಲು ನೋವು ನಂಗೆ. ಬೆಳಗಿಂದ ಕೋಣೆಯಲ್ಲಿ ಉಪ್ಪುನೀರು ಮುಕ್ಕಳಿಸ್ತಾ ಇದ್ದೆ," ಎಂದವರು ಮತ್ತೆ ಕಡಲಸೌತೆಯ ಚರ್ಮದ ಬಗ್ಗೆ ಕಡಲೇ ಬತ್ತುವಷ್ಟು ಹೊತ್ತು ಮಾತಾಡಿದರು.

ಅತ್ತಿಗೆಯ ಹಣೆಯ ನರ ಉಬ್ಬಿತು. "ಮೈದುನಾ, ಮೇಲೆ ಹೋಗಿ ನನ್ನ ಕನ್ನಡಕ ತಗೊಂಡ್ ಬಾ. ದಾರಿಯಲ್ಲಿ ಕಣ್ಣು ಕಿವಿ ಎರಡೂ ತೆರೆದಿಟ್ಕೊ."

ಕನ್ನಡಕ ಅವರ ತಲೆಯ ಮೇಲೇ ಇತ್ತು. ನಾನು ಹೇಳಲಿಲ್ಲ, ಪದಪ್ಪನಿಂದ ಪಾರಾಗುವ ಅವಕಾಶ ಯಾರು ಬಿಡುತ್ತಾರೆ?

ಮೆಟ್ಟಿಲ ಮೇಲೆ ಅಲ್ಲಲ್ಲಿ ಬಿಳಿ ಕಲೆಗಳಿದ್ದವು, ಬೆವರಿದ ಅಂಗಿ ಒಣಗಿದಾಗ ಬೆನ್ನಲ್ಲಿ ಮೂಡುತ್ತದಲ್ಲ, ಹಾಗೆ. ಕಸ ಗುಡಿಸುವವನನ್ನು ಮನಸಾರೆ ಬೈದುಕೊಂಡೆ. ಪದಪ್ಪನವರ ಕೋಣೆಯ ಮುಂದೆ ಹಾದಾಗ ಒಳಗಿಂದ ಗುಳುಗುಳು ಗುಳುಗುಳು ಸದ್ದು. ಮುಕ್ಕಳಿಸುವುದರಲ್ಲೂ ಈ ಮನುಷ್ಯನಿಗೆ ಉಸಿರಿಗೆ ಬಿಡುವಿಲ್ಲವಲ್ಲ ಎಂದು ಹಲ್ಲು ಕಚ್ಚಿದೆ. ಕೆಳಗಿಳಿದರೆ ಆ ಪುಣ್ಯಾತ್ಮ ಹಾಲಿನಲ್ಲಿ ನಿಂತು ತೊಟ್ಟಿಯಕ್ಕನಿಗೆ ಸ್ಪಂಜಿನ ಮುಳ್ಳುಗಳ ಬಗ್ಗೆ ಪಾಠ ಹೇಳುತ್ತಿದ್ದಾರೆ! ನನಗಿಂತ ಮೊದಲು ಯಾವ ಮಾಯದಲ್ಲಿ ಹತ್ತಿ, ಮುಕ್ಕಳಿಸಿ, ಇಳಿದರೋ. ನಾನು ಗಾಳಿಗಿಂತ ವೇಗ ಎಂದು ಹೆಸರಾದವನು, ಅವಮಾನವಾಯಿತು. ಅದನ್ನೇ ಅತ್ತಿಗೆಯ ಹತ್ತಿರ ದೂರಿಕೊಂಡೆ.

ಅತ್ತಿಗೆ ನನ್ನನ್ನೇ ನೋಡಿದರು. "ಇನ್ನೊಂದ್ಸಲ ಹೇಳು."

ಹೇಳಿದೆ.

"ನಿನ್ನಂಥ ದಡ್ಡನ್ನ ಹೆತ್ತ ಅತ್ತೆಗೆ ಕೈ ಮುಗೀಬೇಕು ಕಣೋ," ಎಂದು ನನ್ನ ಬೆನ್ನು ತಟ್ಟಿದರು. ಇದನ್ನು ನಾನು ಪ್ರಶಂಸೆ ಎಂದೇ ತೆಗೆದುಕೊಂಡೆ.

ಸಂಜೆಯ ತನಕ ಮಾಡಲು ಕೆಲಸವಿರಲಿಲ್ಲ. ಡೈರೆಕ್ಟರು ಯಾವ ಬಾಗಿಲನ್ನೂ ತೆಗೆಸಲು ಒಪ್ಪಲಿಲ್ಲ. ಪಕ್ಕದ ಹೊದಿಕೆಗಳ ಕೋಣೆಯಲ್ಲಿ ನಾವಿಬ್ಬರೂ ಸುಮ್ಮನೆ ಅಡ್ಡಾಡಿದೆವು. ಪದಪ್ಪನವರ ಪ್ರತಿ ಪದಕ್ಕೂ ಅಲ್ಲೊಂದು ನಮೂನೆ, ಕೆಳಗೊಂದು ಚೀಟಿ. ನಕ್ಷತ್ರಮೀನಿನದು, ಮುಳ್ಳುಚೆಂಡಿನದು, ಮೂಲೆಯಲ್ಲಿ ಸೀಗಡಿಯ ಆಕಾರದ ಒಂದು ಖಾಲಿ ತೆಳುಗವಸು. ಹಸಿವಿನಲ್ಲಿ ನನಗೆ ಎಲ್ಲವೂ ತಿಂಡಿಯ ಹಾಗೆ ಕಾಣುತ್ತಿತ್ತು. ಅತ್ತಿಗೆ ಮಾತ್ರ ಸೀಗಡಿಯ ಮುಂದೆ ಬಹಳ ಹೊತ್ತು ನಿಂತರು.

ಅಧಿಕಾರಿಣಿ ಬಂದರು. ದೂರದ ಪ್ರಯಾಣ, ಚಪ್ಪಲಿ ಕಚ್ಚಿದ ಕಾಲು, ಮುಖದ ಮೇಲೆ ಜಗತ್ತಿನ ಬೇಸರವೆಲ್ಲ. ಡೈರೆಕ್ಟರು, ಪದಪ್ಪ, ಕ್ಯಾಂಟೀನಿನವನು, ಗೋಡೆ ಬದಿಗೆ ತೊಟ್ಟಿಯಕ್ಕ, ಎಲ್ಲರೂ ಮೇಜಿನ ಸುತ್ತ ಸೇರಿದರು.

"ಬೇಗ ಮುಗಿಸಿ," ಎಂದರು ಅಧಿಕಾರಿಣಿ.

"ಬೇಗಾನೇ ಆಗತ್ತೆ," ಎಂದರು ಅತ್ತಿಗೆ. "ಮುಚ್ಚಳ ಎತ್ತಿ, ಮೂಸಿ ನೋಡಿ."

ಅಧಿಕಾರಿಣಿ ಮುಚ್ಚಳ ಎತ್ತಿ ಹೆದರುತ್ತಲೇ ಬಗ್ಗಿದರು. "ವಾಸನೆ ಇಲ್ವಲ್ಲ!"

"ಇಡೀ ದಿನದ ಸೆಕೆಯಲ್ಲಿ ಇಟ್ಟ ಏಡಿ ನಾರಲಿಲ್ಲ. ನೊಣ ಮೂಸಲಿಲ್ಲ. ಡೈರೆಕ್ಟರಿಗೆ ಹತ್ತಿಯಷ್ಟು ಹಗುರ. ಉಪವಾಸದಿಂದ ಮಾಂಸ ಒಣಗಬಹುದು, ಮಾಯ ಆಗಲ್ಲ." ಅತ್ತಿಗೆ ಅಜ್ಜನನ್ನು ಎರಡೇ ಬೆರಳಲ್ಲಿ ಎತ್ತಿ ತಿರುಗಿಸಿದರು. ಬೆನ್ನಿನ ಹಿಂಭಾಗದಲ್ಲಿ ಅಡ್ಡಕ್ಕೆ ಒಂದು ಬಿರುಕು. ಉಗುರಿನಿಂದ ಮೀಟಿದರೆ ಬೆನ್ನು ಡಬ್ಬಿಯ ಮುಚ್ಚಳದಂತೆ ತೆರೆದುಕೊಂಡಿತು. ಒಳಗೆ ಏನೂ ಇಲ್ಲ. "ಇವನು ಸತ್ತಿಲ್ಲ. ಹಾವು ಪೊರೆ ಬಿಡೋ ಹಾಗೆ ಮೈಮೇಲಿನದನ್ನೆಲ್ಲ ಕಳಚಿಟ್ಟು ಹಿಂಬಾಗಿಲಿಂದ ಹೊರಗೆ ಹೋಗಿದಾನೆ. ಅದಕ್ಕೆ ಮೊದಲು ಏಡಿಗಳು ಊಟ ಬಿಡ್ತಾವೆ. ಈ ಹುಡುಗಿ ಉಪವಾಸ ಕೆಡವಿದ್ದಲ್ಲ."

ಗೋಡೆ ಬದಿಯಿಂದ ಸಣ್ಣ ಸದ್ದು ಬಂತು. ಅಳುವೋ ನಗುವೋ ತಿಳಿಯಲಿಲ್ಲ.

"ಹಾಗಾದ್ರೆ ಏಡಿ ಎಲ್ಲಿ? ತೊಟ್ಟೀಲೂ ಇಲ್ವಲ್ಲ!" ಎಂದರು ಡೈರೆಕ್ಟರು.

"ಯಾರೋ ಎತ್ಕೊಂಡು ಹೋಗಿದಾರೆ. ಇದು ಹೆಣ ಅಲ್ಲ ಅಂತ ಗೊತ್ತಿದ್ದೋರು. ಇವತ್ತು ಎಲ್ಲರೂ ಇದನ್ನ ಹೆಣ ಅಂದ್ವಿ. ಒಬ್ಬರು ಮಾತ್ರ ನಿರ್ಮೋಕ ಅಂದ್ರು. ಆ ಪದ ಪಕ್ಕದ ಕೋಣೆಯಲ್ಲಿ ಒಂದೇ ಒಂದು ಕಡೆ ಇದೆ, ಸೀಗಡಿ ಕಳಚಿಟ್ಟ ಖಾಲಿ ಮೈಯ ಕೆಳಗೆ. ಕಳಚಿ ಬಿಟ್ಟದ್ದು ಅಂತ ಅರ್ಥ. ಬೆಳಿಗ್ಗೆ ಮುಚ್ಚಳ ಎತ್ತದೇ ಇರುವಾಗ ಇದು ಕಳಚಿದ್ದು ಅಂತ ಅವರಿಗೆ ಹೇಗೆ ಗೊತ್ತಾಯ್ತು?"

ಎಲ್ಲರ ಕಣ್ಣೂ ಪದಪ್ಪನವರ ಮೇಲೆ. ಅವರು ಗಂಟಲು ಸವರಿಕೊಂಡರು.

"ಬಾಯ್ತಪ್ಪಿ..."

"ನೀವಾ? ಬಾಯ್ತಪ್ಪಿಯಾ?" ಎಂದು ಅತ್ತಿಗೆ ನಕ್ಕರು. "ಸುಳ್ಳು ಹೇಳೋಕೆ ನೀವು ತಯಾರು, ತಪ್ಪು ಪದ ಹೇಳೋಕೆ ಮಾತ್ರ ನಾಲಿಗೆ ಏಳಲಿಲ್ಲ. ಗಂಟಲು ನೋವು ಅಂದ್ರಿ, ಬೆಳಗಿಂದ ಬಾಯಿ ಮುಚ್ಚಲಿಲ್ಲ. ನೀವು ಇಲ್ಲಿ ಪಾಠ ಹೇಳ್ತಿದ್ದಾಗ ನಿಮ್ಮ ಕೋಣೆಯಲ್ಲಿ ಮುಕ್ಕಳಿಸ್ತಾ ಇದ್ದದ್ದು ಯಾರು? ನನ್ನ ಮೈದುನ ಕಿವಿಯಾರೆ ಕೇಳಿದಾನೆ. ಕಳೆದುಹೋದ ಗಾಳಿಪಂಪು ಗುಳುಗುಳು ಅನ್ನದೆ ಇನ್ನೇನನ್ನುತ್ತೆ? ಮೆಟ್ಟಿಲ ಮೇಲಿನ ಬಿಳಿ ಕಲೆ ನೀಲಿ ಟಬ್ಬಿನಿಂದ ತುಳುಕಿದ ಕಡಲನೀರು, ಒಣಗಿ ಉಪ್ಪಾಗಿದೆ."

ನಾನು ಎದೆಯುಬ್ಬಿಸಿ ನಿಂತೆ. ಕೇಸು ಬಿಡಿಸಿದ್ದು ಯಾರು ಎಂದು ಇನ್ನು ಬೇರೆ ಹೇಳಬೇಕೆ?

ಪದಪ್ಪನವರ ಕೋಣೆಯಲ್ಲಿ ಮಂಚದ ಕೆಳಗೆ ಒದ್ದೆ ಗೋಣಿ ಹೊದಿಸಿದ ನೀಲಿ ಟಬ್ಬು. ಒಳಗೆ ಅಜ್ಜ, ಕಳಚಿಟ್ಟ ಮೈಗಿಂತ ದೊಡ್ಡವನಾಗಿ, ನೆನೆದ ಕಾಗದದಂತೆ ಮೆತ್ತಗಾಗಿ, ಮೂಲೆಗೆ ಒತ್ತಿಕೊಂಡು ಕೂತಿದ್ದ.

"ಯಾಕ್ರೀ?" ಎಂದರು ಅಧಿಕಾರಿಣಿ.

"ನನ್ನ ಪದಕೋಶದಲ್ಲಿ ಒಂದೇ ಜಾಗ ಖಾಲಿ ಇದೆ," ಎಂದರು ಪದಪ್ಪ. ಮೊದಲ ಸಲ ಅವರ ದನಿ ನಿಜಕ್ಕೂ ಕಟ್ಟಿತ್ತು. "ಹೊಸ ಹೊದಿಕೆ ಗಟ್ಟಿಯಾಗೋ ಮುಂಚೆ ಹೇಗಿರತ್ತೆ, ಅದಕ್ಕೊಂದು ಪದ ಬೇಕು. ಮುಟ್ಟಿ ನೋಡದೆ ಹೇಗೆ ಕಟ್ಟಲಿ? ಮುಟ್ಟೋಕೆ ಇವಳು ಬಿಡಲ್ಲ, ಡೈರೆಕ್ಟರು ಅಪ್ಪಣೆ ಕೊಡಲ್ಲ. ಮುಂಜಾನೆ ಬಂದಾಗ ಆಗಷ್ಟೇ ಕಳಚಿತ್ತು. ತಂದುಬಿಟ್ಟೆ. ಗಟ್ಟಿಯಾದ ಮೇಲೆ ವಾಪಸ್ ಬಿಡೋಣ ಅಂತ... ಅಷ್ಟರಲ್ಲಿ ಇವರು ಸತ್ತಿದೆ ಅಂದುಬಿಟ್ರು."

"ಅಲ್ಲ ಅಂತ ಹೇಳಬಹುದಿತ್ತಲ್ಲ. ಕಡಲಸೌತೆ ಬಗ್ಗೆ ಅಷ್ಟು ಹೇಳಿದ್ರಿ," ಎಂದಳು ತೊಟ್ಟಿಯಕ್ಕ. ಅವಳು ಟಬ್ಬಿನ ಪಕ್ಕ ಕೂತು ಪಂಪಿನ ಕೊಳವೆ ಸರಿಮಾಡುತ್ತಿದ್ದಳು. "ನನ್ನ ಅವ್ವನ್ನ ಎಲ್ಲಿಗೆ ಎತ್ಕೊಂಡು ಹೋಗ್ಲಿ ಅಂತ ಬೆಳಗಿಂದ ಯೋಚನೆ ಮಾಡ್ತಿದ್ದೆ. ನೀವು ಎದುರಿಗೇ ನಿಂತು ಸ್ಪಂಜಿನ ಮುಳ್ಳು ಹೇಳ್ಕೊಟ್ರಿ."

ಪದಪ್ಪನವರ ಬಾಯಿ ತೆರೆಯಿತು. ಪದ ಬರಲಿಲ್ಲ. ಪಂಪು ಮಾತ್ರ ಗುಳುಗುಳು ಎನ್ನುತ್ತಿತ್ತು.

ಅಧಿಕಾರಿಣಿಯ ತೀರ್ಮಾನ ಬೇಗ ಬಂತು. ಮೆತ್ತಗಿರುವ ಏಡಿಯನ್ನು ಮತ್ತೆ ಕದಲಿಸುವಂತಿಲ್ಲ, ಆದ್ದರಿಂದ ಅಜ್ಜ ಗಟ್ಟಿಯಾಗುವ ತನಕ ಈ ಕೋಣೆಯಲ್ಲೇ, ಕೋಣೆಯ ಬೀಗದ ಕೈ ತೊಟ್ಟಿಯಕ್ಕನ ಬಳಿ. ಅವಳ ಕೆಲಸ, ಮನೆ ಎರಡೂ ಅವಳವೇ. ಪದಪ್ಪನವರ ಹಾಸಿಗೆ ಕೋಣೆಯ ಹೊರಗೆ, ಮಹಡಿಯ ಓಣಿಯಲ್ಲಿ. ಅವರ ಕೆಲಸದ ಮಾತು ಮುಖ್ಯ ಆಫೀಸಿನಲ್ಲಿ.

ಹಾಸಿಗೆ ಸುತ್ತಿಕೊಂಡು ಹೊರಟ ಪದಪ್ಪನವರು ಹೊಸ್ತಿಲಲ್ಲಿ ನಿಂತರು. ತೊಟ್ಟಿಯಕ್ಕನ ಕಡೆ ತಿರುಗದೆ ಬಾಗಿಲ ಚೌಕಟ್ಟಿಗೆ ಹೇಳಿದರು: "ತಪ್ಪಾಯ್ತು."

ತೊಟ್ಟಿಯಕ್ಕ ಗೋಣಿಯನ್ನು ಮತ್ತೆ ಟಬ್ಬಿಗೆ ಹೊದಿಸಿ ತಲೆಯೆತ್ತಿದಳು.

"ತಪ್ಪಾಯ್ತು ಅಲ್ಲ ಸ್ವಾಮಿ," ಎಂದಳು. "ತಪ್ಪು ಮಾಡಿದೆ ಅನ್ನಿ."

ಪದಪ್ಪನವರು ತಿದ್ದಿಕೊಂಡು ಹೇಳಿದರು.