ನಲವತ್ತಮೂರನೆಯ ಸೀಸೆಯ ಧೂಳು

ಮಧ್ಯಾಹ್ನ ಒಂದು ಗಂಟೆಗೆ ಮೀನು ಇತ್ತು. ಎರಡು ಗಂಟೆಗೆ ಇರಲಿಲ್ಲ.

ಕೋಟಿಗಟ್ಟಲೆ ವರ್ಷ ಸುಣ್ಣದ ಕಲ್ಲಿನೊಳಗೆ ಮಿಸುಕಾಡದೆ ಮಲಗಿದ್ದ ಮೀನು, ಊಟದ ಹೊತ್ತಿನಲ್ಲಿ ಮ್ಯೂಸಿಯಮ್ಮಿನ ಕೆಲಸದ ಕೋಣೆಯಿಂದ ಮಾಯವಾಗಿತ್ತು. ಮೇಜಿನ ಮೇಲೆ ಮರಳು ತುಂಬಿದ ದಿಂಬೊಂದು ಉಳಿದಿತ್ತು. ಅದರ ನಡುವೆ ಕಲ್ಲು ಕೂತಿದ್ದ ತಗ್ಗು.

"ಬೀಗದ ಕೈ ಇದ್ದದ್ದು ನಿಮ್ಮ ಹತ್ತಿರ. ಹಾಗಾದ್ರೆ ಕಲ್ಲಿಗೇನು ಕಾಲು ಬಂತಾ?" ಎಂದು ಕ್ಯುರೇಟರ್ ಕೂಗಾಡುತ್ತಿದ್ದರು.

ಅವರ ಎದುರು ನಿಂತಿದ್ದವರು ಸೂಜಿ ತಾತ. ಪಳೆಯುಳಿಕೆಯ ಮೇಲೆ ಅಂಟಿದ ಕಲ್ಲನ್ನು ಸೂಜಿಯಿಂದ ಕೆರೆದು ತೆಗೆಯುವುದು ಇಪ್ಪತ್ತೆಂಟು ವರ್ಷಗಳಿಂದ ಅವರ ಕೆಲಸ. ಈ ಮೀನಿಗಾಗಿಯೇ ಹನ್ನೊಂದು ತಿಂಗಳು ಕುತ್ತಿಗೆ ಬಗ್ಗಿಸಿದ್ದರು. ಎಲ್ಲರ ಎದುರಿಗೇ ಕ್ಯುರೇಟರ್ ಅವರಿಂದ ಬೀಗದ ಕೈ ಕಿತ್ತುಕೊಂಡರು. ಹನ್ನೆರಡು ಸೂಜಿಗಳನ್ನು ಸುತ್ತಿಟ್ಟಿದ್ದ ಬಟ್ಟೆಯನ್ನೂ ಬಿಡಲಿಲ್ಲ.

"ನಾಳೆ ಹತ್ತು ಗಂಟೆಗೆ ಹೊರಗಿನಿಂದ ತಜ್ಞರು ಬರ್ತಿದ್ದಾರೆ. ಅಷ್ಟರೊಳಗೆ ಮೀನು ಸಿಗ್ಲಿಲ್ಲ ಅಂದ್ರೆ ನಿಮ್ಮ ಮೇಲೆ ಕೇಸು. ಕೆಲಸವೂ ಇಲ್ಲ."

ಖಾಲಿ ಕೈಗಳನ್ನು ಎಲ್ಲಿಡಬೇಕೆಂದು ತಾತನಿಗೆ ತಿಳಿಯಲಿಲ್ಲ.

ಇನ್ಸ್‌ಪೆಕ್ಟರಮ್ಮ ಬಂದದ್ದು ಆಗ. ಒಂದು ಕೆನ್ನೆ ಹಿಡಿದುಕೊಂಡೇ ಬಂದರು. ದವಡೆ ಹಲ್ಲು ವಾರದಿಂದ ನೋಯುತ್ತಿತ್ತು. ಕಳ್ಳರಿಗೆ ಹೆದರದ ಈ ಹೆಂಗಸು ಹಲ್ಲಿನ ಡಾಕ್ಟರಿಗೆ ಮಾತ್ರ ಹೆದರುತ್ತಿದ್ದರು.

"ಊಟಕ್ಕೆ ಹೋಗುವಾಗ ಬೀಗ ಹಾಕಿದ್ರಾ, ತಾತ?"

"ಹಾಕಿದ್ದೆ."

ಈ ಮಾತು ಅರ್ಧ ಗಂಟೆಯೂ ಬಾಳಲಿಲ್ಲ.

* * *

ತಾತನ ಹೆಂಡತಿ ದಿನವೂ ಬುತ್ತಿ ತರುತ್ತಿದ್ದರು. ಪಕ್ಕದ ಜಗಲಿಯಲ್ಲಿ ಇಬ್ಬರೂ ಕೂತು ಉಣ್ಣುತ್ತಿದ್ದರು.

"ಬೀಗ? ಇವರಾ?" ಅಜ್ಜಿಗೆ ನಗು ಬಂತು, ಕೂಡಲೇ ಅಳುವೂ ಬಂತು. "ತುತ್ತು ಬಾಯಲ್ಲಿಟ್ಕೊಂಡೇ ಎದ್ದು ಹೋಗಿ ಕಲ್ಲು ನೋಡಿ ಬರೋ ಮನುಷ್ಯ. ಬೀಗ ಹಾಕಿದ್ರೆ ತಾನೇ ನಾಲ್ಕು ಸಲ ತೆಗೀಬೇಕಾಗುತ್ತೆ ಅಂತ ಹಾಗೇ ಬಿಡ್ತಾರೆ. ಇವತ್ತು ಮಾತ್ರ ಏಳಲೇ ಇಲ್ಲ ನೋಡಿ. ಮುಖ ಸಪ್ಪಗಿತ್ತು. ಊಟವೂ ಸೇರಲಿಲ್ಲ."

"ಯಾಕೆ?"

"ಕೇಳಿದ್ರೆ ಹೇಳಬೇಕಲ್ಲ!"

ಬೀಗದ ವಿಷಯದಲ್ಲಿ ತಾತ ಸುಳ್ಳು ಹೇಳಿದ್ದರು. ಕ್ಯುರೇಟರಿಗೆ ಅಷ್ಟು ಸಾಕಾಗಿತ್ತು. ಇನ್ಸ್‌ಪೆಕ್ಟರಮ್ಮನಿಗೆ ಸಾಕಾಗಲಿಲ್ಲ.

ಗೇಟಿನ ಕಾವಲುಗಾರ ಗಟ್ಟಿ ಆಳು. ಹೊರಗೆ ಹೋಗುವ ಪ್ರತಿ ಚೀಲವನ್ನೂ ಬಿಚ್ಚಿ ನೋಡುತ್ತಿದ್ದ. ಊಟದ ಹೊತ್ತಿನಲ್ಲಿ ಬಂದು ಹೋದವರು ಇಬ್ಬರೇ. ಕ್ವಾರಿ ಮೇಸ್ತ್ರಿ ಕೈಗಾಡಿಯಲ್ಲಿ ಚಪ್ಪಡಿ ತಂದು ಹಿತ್ತಲಲ್ಲಿ ಇಳಿಸಿದ್ದ, ಖಾಲಿ ಗಾಡಿ ತಳ್ಳಿಕೊಂಡು ಹೋಗಿದ್ದ. ಇನ್ನೊಬ್ಬರು ಹಲ್ಲಿನ ಡಾಕ್ಟರ್. ಮೀನನ್ನು ಕಂಡುಹಿಡಿದು ಮ್ಯೂಸಿಯಮ್ಮಿಗೆ ಕೊಟ್ಟವರೇ ಅವರು. ನಾಳೆ ತಜ್ಞರು ಒಪ್ಪಿದರೆ ಆ ಜಾತಿಯ ಮೀನಿಗೆ ಅವರ ಹೆಸರು.

"ಡಾಕ್ಟರ ಚೀಲದಲ್ಲಿ ಇಕ್ಕಳ, ಕನ್ನಡಿ, ಅಷ್ಟೇ ಮೇಡಂ," ಎಂದ ಕಾವಲುಗಾರ. "ಆ ಕಲ್ಲು ಊಟದ ಮಣೆಯಷ್ಟು ಅಗಲ. ಜೇಬಿಗೆ ಹಾಕ್ಕೊಂಡು ಹೋಗೋಕಾಗಲ್ಲ."

ಹಾಗಿದ್ದರೆ ಮೀನು ಗೇಟು ದಾಟಿಲ್ಲ.

* * *

ಕ್ವಾರಿ ಮೇಸ್ತ್ರಿ ಸಿಕ್ಕಿದ್ದು ಕಲ್ಲಿನ ಗುಂಡಿಯ ತಳದಲ್ಲಿ. ಸುತ್ತ ಬಿಳಿ ಗೋಡೆ. ಗೋಡೆಯಲ್ಲಿ ಪದರದ ಮೇಲೆ ಪದರ, ಅಡುಕಿಟ್ಟ ಕಂಬಳಿಗಳ ಹಾಗೆ. ಇನ್ಸ್‌ಪೆಕ್ಟರಮ್ಮ ಬಂದ ಕೆಲಸ ಮರೆತು ಒಂದು ನಿಮಿಷ ಅದನ್ನೇ ನೋಡಿದರು.

"ಮೀನು ನನ್ನ ಕ್ವಾರಿಯದು, ನನಗೆ ಬರಬೇಕು ಅಂತ ಹೋದ ತಿಂಗಳು ಜಗಳ ಆಡಿದ್ರಂತೆ?"

"ಆಡಿದ್ದೆ. ಈಗಲೂ ಆಡ್ತೀನಿ. ಹಾಗಂತ ಕದಿಯಲ್ಲ." ಮೇಸ್ತ್ರಿ ಗೋಡೆಯಲ್ಲಿದ್ದ ಒಂದು ಹಳದಿ ಪಟ್ಟೆ ತೋರಿಸಿದ. "ಅದೇ ಮೀನಿನ ಪದರ. ನೋಡಿ, ಗೇಣಿಗೊಂದು ಸೀಳು. ಮೂವತ್ತು ವರ್ಷದಲ್ಲಿ ಇಲ್ಲಿ ನನಗೆ ಇಡೀ ಮೀನು ಸಿಕ್ಕಿಲ್ಲ. ತಲೆ ಇದ್ರೆ ಬಾಲ ಇಲ್ಲ, ಬಾಲ ಇದ್ರೆ ತಲೆ ಇಲ್ಲ. ಡಾಕ್ಟರ ಅದೃಷ್ಟ ನೋಡಿ, ಮೂಗಿಂದ ಬಾಲದ ತನಕ ಸಿಕ್ಕಿಬಿಡ್ತು!"

ಅವನ ದನಿಯಲ್ಲಿ ಹೊಟ್ಟೆಕಿಚ್ಚಿತ್ತು. ಮುಚ್ಚಿಡುವ ಗೋಜಿಗೆ ಅವನು ಹೋಗಲಿಲ್ಲ. ಅದಕ್ಕೇ ಇನ್ಸ್‌ಪೆಕ್ಟರಮ್ಮ ಅವನನ್ನು ನಂಬಿದರು.

* * *

ಹಲ್ಲಿನ ಡಾಕ್ಟರ್ ಯಾರದೋ ಕಟ್ಟುಹಲ್ಲನ್ನು ತಿರುಗುವ ಚಕ್ರಕ್ಕೆ ಹಿಡಿದಿದ್ದರು. ಕೋಣೆಯ ತುಂಬ ಸುಟ್ಟ ವಾಸನೆ. ಸಿಹಿ ಬೆರೆತ, ಮೂಗಿಗೆ ಹತ್ತಿದರೆ ಬಿಡದ ವಾಸನೆ. ಇನ್ಸ್‌ಪೆಕ್ಟರಮ್ಮ ಬಾಗಿಲ ಹತ್ತಿರವೇ ಕೂತರು.

"ಒಂದೂಕಾಲಿಗೆ ಹೋಗಿದ್ದೆ. ಬಾಗಿಲಿಂದಲೇ ಮೀನು ನೋಡಿದೆ, ಇತ್ತು. ತಾತ ಇರಲಿಲ್ಲ. ವಾಪಸ್ ಬಂದೆ," ಎಂದರು ಡಾಕ್ಟರ್. "ಪಾಪ, ಅವರ ಮೇಲೆ ಕೇಸ್ ಮಾತ್ರ ಬೇಡಿ. ವಯಸ್ಸಾಯ್ತು. ಕೈ ಜಾರಿ ಒಡೆದಿರಬಹುದು, ಹೆದರಿ ಬಚ್ಚಿಟ್ಟಿರಬಹುದು." ಆಮೇಲೆ ಹತ್ತಿರ ಬಂದರು. "ಅದಿರಲಿ, ಆ ಕೆನ್ನೆ ಯಾಕೆ ಊದಿದೆ? ಬಾಯಿ ತೆಗೀರಿ ನೋಡೋಣ."

"ಕೇಸ್ ಮುಗೀಲಿ," ಎಂದು ಇನ್ಸ್‌ಪೆಕ್ಟರಮ್ಮ ಎದ್ದೇಬಿಟ್ಟರು.

* * *

ಸಂಜೆ ಇನ್ಸ್‌ಪೆಕ್ಟರಮ್ಮ ಮತ್ತೆ ಕೆಲಸದ ಕೋಣೆಗೆ ಬಂದರು. ತಾತನನ್ನೂ ಕರೆಸಿದರು. ಬಂದಾಗಿನಿಂದ ಇನ್ಸ್‌ಪೆಕ್ಟರಮ್ಮನ ಕಣ್ಣು ಕಿಟಕಿಯ ಮೇಲಿನ ಹಲಗೆಯ ಮೇಲಿತ್ತು. ಅಲ್ಲಿ ಬೆರಳುದ್ದದ ಗಾಜಿನ ಸೀಸೆಗಳ ಸಾಲು. ಒಂದೊಂದಕ್ಕೂ ಚೀಟಿ: ಸಂಖ್ಯೆ, ತಾರೀಖು, ಜಾಗ. ಕಿವಿರು. ಬೆನ್ನು. ಹೊಟ್ಟೆ.

"ಇದೇನು ತಾತ?"

"ಧೂಳು."

"ಧೂಳು ಯಾರಾದ್ರೂ ಎತ್ತಿಡ್ತಾರಾ?"

"ಕೆರೆದದ್ದನ್ನ ಮತ್ತೆ ಅಂಟಿಸೋಕಾಗುತ್ತೇನಮ್ಮ? ಅದಕ್ಕೇ ಯಾವ ಜಾಗದ್ದು ಅಂತ ಬರೆದು ಇಡ್ತೀನಿ. ಈ ಸೀಸೆಗಳನ್ನ ಕೊಟ್ಟೋರು ಡಾಕ್ಟರೇ, ಇಂಜೆಕ್ಷನ್ನಿನ ಖಾಲಿ ಸೀಸೆ. ನನ್ನ ಸೂಜಿಗಳೂ ಅವರವೇ."

ಕೊನೆಯದು ನಲವತ್ತಮೂರು. ನಿನ್ನೆಯ ತಾರೀಖು. ಬಾಲ.

ಇನ್ಸ್‌ಪೆಕ್ಟರಮ್ಮ ಅದನ್ನು ಕೈಗೆತ್ತಿಕೊಂಡಾಗ ತಾತನ ಮುಖ ಬಾಡಿತು.

"ಡಾಕ್ಟರ್ ಮೊದಲೇ ಅಂದಿದ್ರು, ಬಾಲ ನಾನೇ ಶುಚಿ ಮಾಡಿದ್ದೀನಿ, ಮುಟ್ಟಬೇಡಿ ಅಂತ. ಆದ್ರೆ ಬುಡದಲ್ಲಿ ಸ್ವಲ್ಪ ಒರಟಿತ್ತು. ಮನಸ್ಸು ಕೇಳಲಿಲ್ಲ. ಕೆರೆದೆ. ಸೂಜಿ ಸದ್ದೇ ಬದಲಾಯ್ತು. ಕಿರ್ ಅನ್ನೋದು ಮೆತ್ತಗಾಯ್ತು. ಹನ್ನೊಂದು ತಿಂಗಳ ಕೆಲಸ ನಾನೇ ಕೆಡಿಸಿದೆನೇನೋ ಅನ್ನಿಸ್ತು. ಬೆಳಿಗ್ಗೆ ಡಾಕ್ಟರಿಗೆ ಫೋನ್ ಮಾಡಿ ಹೇಳ್ದೆ. ಬೈದ್ರು."

"ಬೇರೆ ಯಾರಿಗೆ ಹೇಳಿದ್ರಿ?"

"ಯಾರಿಗೂ ಇಲ್ಲ. ಹೆಂಡತಿಗೂ ಇಲ್ಲ."

ಇನ್ಸ್‌ಪೆಕ್ಟರಮ್ಮ ಕ್ಯಾಂಟೀನಿನಿಂದ ಎರಡು ವಸ್ತು ತರಿಸಿದರು: ಒಂದು ಬಾಟಲಿ ವಿನೆಗರ್, ಒಂದು ಚಮಚ.

* * *

ಬೆಳಿಗ್ಗೆ ಒಂಬತ್ತಕ್ಕೆ ಎಲ್ಲರೂ ಹಿತ್ತಲಲ್ಲಿ ಸೇರಿದರು. ಮೇಸ್ತ್ರಿ ಇಳಿಸಿದ ಚಪ್ಪಡಿಗಳ ರಾಶಿ ಅಲ್ಲೇ ಇತ್ತು, ಕೆಲಸದ ಕೋಣೆಯ ಹಿಂಬಾಗಿಲಿನಿಂದ ಹತ್ತು ಹೆಜ್ಜೆ ದೂರದಲ್ಲಿ. ಇನ್ಸ್‌ಪೆಕ್ಟರಮ್ಮ ಮುರುಕು ಮೇಜೊಂದರ ಮೇಲೆ ಎರಡು ತಟ್ಟೆ ಇಟ್ಟಿದ್ದರು.

"ಇದು ನಲವತ್ತೆರಡನೆಯ ಸೀಸೆಯ ಧೂಳು. ಮೀನಿನ ಬೆನ್ನಿನದು." ವಿನೆಗರ್ ಹನಿಸಿದರು. ಧೂಳಿನಿಂದ ಬುಸಬುಸ ನೊರೆ ಎದ್ದಿತು. "ಸುಣ್ಣದ ಕಲ್ಲಿಗೆ ಬಿದ್ರೆ ಹೀಗೇ ನೊರೆ ಏಳುತ್ತೆ. ಇದು ನಲವತ್ತಮೂರು. ಬಾಲದ ಬುಡ."

ಹನಿ ಬಿತ್ತು. ಒಂದು ಗುಳ್ಳೆಯೂ ಏಳಲಿಲ್ಲ.

"ಇದು ಕಲ್ಲೇ ಅಲ್ಲ. ಹಾಗಾದ್ರೆ ಏನು?" ಅದೇ ಧೂಳನ್ನು ಚಿಟಿಕೆಯಷ್ಟು ಚಮಚಕ್ಕೆ ಹಾಕಿ ಕೆಳಗೆ ಕಡ್ಡಿ ಗೀರಿದರು. ಸಿಹಿ ಬೆರೆತ ಸುಟ್ಟ ವಾಸನೆ ಎದ್ದಿತು. "ನಿನ್ನೆ ಈ ವಾಸನೆಗೆ ಹೆದರಿ ನಾನು ಬಾಗಿಲಲ್ಲೇ ಕೂತಿದ್ದೆ. ಕಟ್ಟುಹಲ್ಲು ಮಾಡೋ ಪುಡಿ. ಎರಡು ಅರ್ಧ ಮೀನು ಸೇರಿಸಿ, ನಡುವೆ ಇದನ್ನ ಕಲ್ಲಿನ ಬಣ್ಣಕ್ಕೆ ಕಲಸಿ ಹಚ್ಚಿದ್ದಾರೆ. ಸೂಜಿ ಅಲ್ಲಿಗೆ ತಲುಪಿತು ಅನ್ನೋದು ಒಬ್ಬರಿಗೇ ಗೊತ್ತಿತ್ತು. ತಜ್ಞರು ಬರೋ ಮೊದಲು ಕಲ್ಲು ಮಾಯವಾಗಬೇಕಿದ್ದದ್ದೂ ಅವರಿಗೇ."

ಡಾಕ್ಟರ್ ನಗಲು ನೋಡಿದರು. "ಕಥೆ ಚೆನ್ನಾಗಿದೆ. ಕಲ್ಲೆಲ್ಲಿ?"

"ಮೇಸ್ತ್ರಿ, ಚಪ್ಪಡಿ ಅಡುಕೋವಾಗ ನಡುವೆ ಏನಾದ್ರೂ ಇಡ್ತೀರಾ?"

"ಕಲ್ಲಿನ ಮೇಲೆ ಕಲ್ಲು. ಇನ್ನೇನಿಡ್ತಾರೆ?"

ಇನ್ಸ್‌ಪೆಕ್ಟರಮ್ಮ ಬಗ್ಗಿ ಬೆರಳು ತೋರಿಸಿದರು. ಮೇಲಿನಿಂದ ನಾಲ್ಕನೆಯ ಚಪ್ಪಡಿಯ ಅಡಿಯಲ್ಲಿ ಬಿಳಿ ಎಳೆಯೊಂದು ಇಣುಕುತ್ತಿತ್ತು. ಹತ್ತಿ. ಹಲ್ಲು ಕಿತ್ತ ಮೇಲೆ ಬಾಯಲ್ಲಿಡುವ ಸಣ್ಣ ಸುರುಳಿಗಳು, ಸಾಲಾಗಿ.

"ಹತ್ತಿ ಇಡದೆ ಮಗುಚಿ ಹಾಕಿ ಓಡಿದ್ದರೆ ಈ ಕಲ್ಲೂ ಬೇರೆ ಚಪ್ಪಡಿಗಳ ಜೊತೆ ರಸ್ತೆಗೋ ಚರಂಡಿಗೋ ಹಾಸಿಹೋಗುತ್ತಿತ್ತು, ಯಾರಿಗೂ ಗೊತ್ತಾಗುತ್ತಿರಲಿಲ್ಲ. ಆದ್ರೆ ಪಳೆಯುಳಿಕೆ ಆಯೋ ಜನ ಅದನ್ನ ಬರಿ ಕಲ್ಲಿನ ಮೇಲೆ ಬೋರಲು ಹಾಕಲ್ಲ. ಕೈ ಒಪ್ಪಲ್ಲ. ಅಲ್ವಾ ಡಾಕ್ಟ್ರೇ?"

ಮೇಸ್ತ್ರಿ ಮೇಲಿನ ಮೂರನ್ನು ಸರಿಸಿ ಆ ಚಪ್ಪಡಿ ಎತ್ತಿ ತಿರುಗಿಸಿದ. ಮೀನು ಬೆಳಕಿಗೆ ಬಂತು. ಒಂದು ಹುರುಪೆಯೂ ಚಕ್ಕೆ ಎದ್ದಿರಲಿಲ್ಲ.

ಡಾಕ್ಟರ್ ಮೆಟ್ಟಿಲ ಮೇಲೆ ಕುಸಿದು ಕೂತರು. "ಒಡೆದುಬಿಡೋಣ ಅಂತಲೇ ಬಂದಿದ್ದೆ. ಆಗಲಿಲ್ಲ. ಮುಂದಿನ ಅರ್ಧ ನಿಜವಾದ್ದು ತಾತ. ಅಂಥ ತಲೆ ಯಾರೂ ನೋಡಿಲ್ಲ. ಬಾಲಕ್ಕೆ ಆರು ವರ್ಷ ಹುಡುಕಿದೆ."

"ಹುಡುಕಿದ್ದು ಸರಿ," ಎಂದರು ಸೂಜಿ ತಾತ. "ನಿನ್ನೆ ಇವರೆಲ್ಲ ನನ್ನ ಕಳ್ಳ ಅಂದ್ರು. ಒಳಗೇನಿದೆ ಅಂತ ಗೊತ್ತಿದ್ದೂ ನನ್ನ ಕೈ ಜಾರಿತು ಅಂತ ಫೋನಲ್ಲಿ ಬೈದ್ರಲ್ಲ ನೀವು. ನನಗೆ ನೋವಾಗಿದ್ದು ಅದಕ್ಕೆ."

ಡಾಕ್ಟರ್ ಎದ್ದು ಪೇದೆಯ ಜೊತೆ ಜೀಪಿನ ಕಡೆ ನಡೆದರು. ಇನ್ಸ್‌ಪೆಕ್ಟರಮ್ಮನಿಗೆ ತಮ್ಮ ಹಲ್ಲಿನ ಗತಿ ಏನೆಂದು ಆಗ ಹೊಳೆಯಿತು. ಊರಿಗೆಲ್ಲ ಇದ್ದದ್ದು ಅವರೊಬ್ಬರೇ.

ಕ್ಯುರೇಟರ್ ಬೀಗದ ಕೈ ಮತ್ತು ಸೂಜಿಗಳ ಬಟ್ಟೆಯನ್ನು ಎರಡೂ ಕೈಯಲ್ಲಿ ಹಿಡಿದು ಬಂದರು. "ತಜ್ಞರು ಬರೋ ಹೊತ್ತಾಯ್ತು. ಅರ್ಧ ಮೀನು ತೋರಿಸಿ ಏನು ಹೇಳೋದು ತಾತ?"

"ಅರ್ಧ ಮೀನು ಅಂತಲೇ ಹೇಳಿ. ಸಿಕ್ಕಿದ್ದು ಡಾಕ್ಟರಿಗೆ ಅಂತಲೂ ಬರೀರಿ. ಅದು ಸುಳ್ಳಲ್ಲ."

ತಾತ ಬಟ್ಟೆ ಬಿಚ್ಚಿ ಎಣಿಸಿದರು. ಮತ್ತೊಮ್ಮೆ ಎಣಿಸಿದರು.

"ಹನ್ನೊಂದಿದೆ. ಹನ್ನೆರಡು ಇತ್ತು. ನೀವು ಕಿತ್ಕೊಳ್ಳುವಾಗ ಎಲ್ಲೋ ಬಿದ್ದಿದೆ."

ಕ್ಯುರೇಟರ್ ಸುತ್ತ ನೋಡಿದರು. ಅದೇ ಜನ, ನಿನ್ನೆ ನೋಡಿದವರೇ. ಕ್ಯುರೇಟರ್ ಕನ್ನಡಕ ಸರಿಮಾಡಿಕೊಂಡು ಕೆಲಸದ ಕೋಣೆಗೆ ಹೋದರು, ಮಂಡಿಯೂರಿದರು, ಮೇಜಿನ ಅಡಿಗೆ ತೆವಳಿದರು.

ತಾತ ಸ್ಟೂಲಿನ ಮೇಲೆ ಕೂತು ಕಾದರು. ಅವರಿಗೇನೂ ಅವಸರವಿರಲಿಲ್ಲ.