ಒಣಗದ ಶಾಲು

ಬೆಳಿಗ್ಗೆ ಮೊಂಟ್ಸೆರಾಟ್ ಬೆಟ್ಟದ ಮಠ, ಸಂಜೆ ಬಾರ್ಸಿಲೋನಾದಲ್ಲಿ ನೂರು ವರ್ಷ ದಾಟಿದರೂ ಕಟ್ಟಿ ಮುಗಿಯದ ದೊಡ್ಡ ಚರ್ಚು, ಬಸಿಲಿಕಾ: ಪ್ರವಾಸಿಗರಿಗೆ ಇವೆರಡನ್ನೂ ತೋರಿಸುವುದು ನನ್ನ ಕೆಲಸ. ಆ ದಿನ ಮಠದ ಬಾಗಿಲಲ್ಲಿ, ಮಂಜಿನೊಳಗಿಂದ ಬಿಳಿ ಶಾಲಿನ ಅಜ್ಜಿಯೊಬ್ಬಳು ಬಂದು ನನ್ನ ಕೈ ಹಿಡಿದಳು.

"ನನ್ನೂ ಬಸಿಲಿಕಾಗೆ ಕರ್ಕೊಂಡ್ಹೋಗಮ್ಮ. ನಮ್ಮನೆಯವ್ರು ಅಲ್ಲಿ ಕಲ್ಲು ಕೆತ್ತೋಕೆ ಹೋದ್ರು. ಕೆಲಸ ಮುಗಿಸ್ಕೊಂಡು ಬರ್ತೀನಿ ಅಂದಿದ್ರು."

"ಬೆಟ್ಟಾನೂ ಹತ್ತಿಸ್ಕೊಂಡ್ಬಿಡು, ಮಾರಾಯ್ತಿ!" ಎಂದು, ನಾನು ಅಜ್ಜಿಯನ್ನು ಬಸ್ಸಿಗೆ ಹತ್ತಿಸಿದಾಗ ಚಾಲಕ ಫೆರಿಯೋಲ್ ಗೊಣಗಿದ.

ಸಂಜೆ ಬಸಿಲಿಕಾದ ಬಣ್ಣದ ಗಾಜುಗಳಿಂದ ಬೆಳಕು ಸುರಿದು ನಾವೆಲ್ಲ ಕೆಂಪಾದೆವು. ಅಜ್ಜಿಯ ಶಾಲು ಮಾತ್ರ ಬೆಳ್ಳಗೇ ಇತ್ತು. ಅದರ ಮೇಲೆ ಬೆಟ್ಟದ ಮಂಜಿನ ಹನಿಗಳೂ ಹಾಗೇ ಇದ್ದವು.

"ಇನ್ನೂ ಮುಗಿದಿಲ್ಲ, ಅಲ್ವಾ?"

"ಇಲ್ಲಜ್ಜಿ."

"ಹಾಗಾದ್ರೆ ಇಲ್ಲೇ ಇದ್ದಾರೆ."

ನಗುತ್ತಾ ಶಾಲನ್ನು ನನ್ನ ಹೆಗಲಿಗೆ ಹೊದಿಸಿ, ಕಂಬಗಳ ನಡುವೆ ನಡೆದುಹೋದಳು.

ಮೂರು ಬೇಸಿಗೆ ಕಳೆದವು. ನನ್ನ ಬಾಲ್ಕನಿಯ ಬಿಸಿಲಿನಲ್ಲಿ ಆ ಶಾಲು ಇನ್ನೂ ಒಣಗಿಲ್ಲ.