ಪಂಜರದಲ್ಲಿ ಕಾಮಕಸ್ತೂರಿ

ಸಿಬಾಲ್ದೊಗೆ ಮಾತುಗಾರಿಕೆ ಇರಲಿಲ್ಲ. ನಮ್ಮ ಕಾಸ್ತೆಲ್‌ಬ್ರೂನೊದಲ್ಲಿ ಇದು ಕುರುಡುತನಕ್ಕಿಂತ ದೊಡ್ಡ ಕೊರತೆ. ಇಲ್ಲಿ ಮದುವೆಗೊಂದು ಭಾಷಣ, ಹೆಣ ಹೂಳುವಾಗೊಂದು ಭಾಷಣ, ಹೊಸ ಬಾವಿ ತೋಡಿದರೆ ಅದಕ್ಕೂ ಒಂದು. ಒಂಬತ್ತು ವರ್ಷದ ಹುಡುಗರು ಒಂದೇ ವಿಷಯದ ಪರವಾಗಿ ಅರ್ಧ ಗಂಟೆ, ವಿರುದ್ಧವಾಗಿ ಅರ್ಧ ಗಂಟೆ ಮಾತಾಡಿ ಬಹುಮಾನ ಪಡೆಯುತ್ತಿದ್ದರು. ಸಿಬಾಲ್ದೊ ನ್ಯಾಯಾಲಯದಲ್ಲಿ ಗುಮಾಸ್ತನಾಗಿದ್ದ. ನಾಲ್ಕು ಜನರೆದುರು ನಿಂತರೆ ನಾಲಿಗೆ ಕಟ್ಟಿಕೊಳ್ಳುತ್ತಿತ್ತು. ಅದಕ್ಕೇ ಕೆಲಸ ಹೋಯಿತು. ಆದರೂ ಕೊಲೆಯೋ ಕಳವೋ ಬಗೆಹರಿಯದಿದ್ದಾಗ ಕೊತ್ವಾಲ ರುಜ್ಜೇರೊ ಓಡಿ ಬರುತ್ತಿದ್ದದ್ದು ಅವನ ಹತ್ತಿರಕ್ಕೇ. ಅಚ್ಚುಕೂಟದ ಮೇಲಿನ ಕೋಣೆಯಲ್ಲಿ ನಾವಿಬ್ಬರೂ ಇದ್ದೆವು. ಕೆಳಗೆ ಕರಡು ತಿದ್ದುವುದು ನನ್ನ ಕೆಲಸ; ಹೆಸರು ತದ್ದೇಯೊ.

1531ರ ಅಕ್ಟೋಬರಿನ ಒಂದು ಬೆಳಿಗ್ಗೆ ರುಜ್ಜೇರೊ ಏದುಸಿರು ಬಿಡುತ್ತ ಮೆಟ್ಟಿಲು ಹತ್ತಿದ.

"ಗ್ವಾಲ್ತಿಯೇರಿ ಮುದುಕನ್ನ ಯಾರೋ ಕೊಂದಾಕಿದಾರೆ. ಬೇಗ ಬನ್ರಯ್ಯ."

ನನಗೆ ಮೊದಲು ನೆನಪಾದದ್ದು ಮುದುಕನಲ್ಲ, ಅವನ ಪುಸ್ತಕ. ಅದರ ಹಸ್ತಪ್ರತಿ ಅಂದೇ ಅಚ್ಚಿಗೆ ಬರಬೇಕಿತ್ತು.

ಆರು ವರ್ಷದ ಹಿಂದೆ ನದಿಯ ಕೆಳಗಿನ ಊರುಗಳಲ್ಲಿ ಪ್ಲೇಗು ಕಾಣಿಸಿಕೊಂಡಾಗ ಕೋಟೆ ಬಾಗಿಲು ಮುಚ್ಚಬೇಕೋ ಬೇಡವೋ ಎಂದು ಪುರಸಭೆ ಸೇರಿತ್ತು. ಉಣ್ಣೆ ಸಂತೆ ಹತ್ತಿರವಾಗಿತ್ತು, ಮುಚ್ಚಿದರೆ ವ್ಯಾಪಾರ ನಿಲ್ಲುತ್ತಿತ್ತು. ಅನ್ಸೆಲ್ಮೊ ಮೇಷ್ಟ್ರು ಎರಡು ಗಂಟೆ ಮಾತಾಡಿ ಬಾಗಿಲು ತೆರೆದೇ ಇರುವಂತೆ ಮಾಡಿದರು. ಅಂಥ ಭಾಷಣ ನಾನು ಮತ್ತೆ ಕೇಳಿಲ್ಲ. ಬೇಸಿಗೆ ಮುಗಿಯುವುದರೊಳಗೆ ನಾನೂರ ಹನ್ನೆರಡು ಜನ ಸತ್ತರು. ಅವರಲ್ಲಿ ಗ್ವಾಲ್ತಿಯೇರಿಯ ಇಬ್ಬರು ಹೆಣ್ಣುಮಕ್ಕಳಿದ್ದರು. ಅನ್ಸೆಲ್ಮೊಗೆ ಮಾತು ಕಲಿಸಿದ ಗುರು ಇದೇ ಗ್ವಾಲ್ತಿಯೇರಿ. ಮಕ್ಕಳು ಸತ್ತ ಮೇಲೆ ಮುದುಕ ಒಂದು ಉಪಮೆಯನ್ನೂ ಬರೆಯಲಿಲ್ಲ. ಈ ಪುಸ್ತಕದಲ್ಲಿ ಊರಿನ ಆಡುಮಾತಿನಲ್ಲಿ, ಯಾರು ಯಾವ ದಿನ ಸತ್ತರು, ಸಭೆಯಲ್ಲಿ ಯಾರು ಏನು ಹೇಳಿದರು, ಯಾರು ಒಪ್ಪಿದರು ಎಂದಷ್ಟೇ ಬರೆದಿದ್ದ. ನೂರ ಹದಿನಾಲ್ಕು ಹಾಳೆ.

ಮುದುಕನ ಕೋಣೆ ಚಿಕ್ಕದು. ಬಾಗಿಲಿನಿಂದ ಬಲಕ್ಕೆ ಬಿರುಕುಬಿಟ್ಟ ಕನ್ನಡಿ, ಆಮೇಲೆ ಬೀಗವಿಲ್ಲದ ಮರದ ಪೆಟ್ಟಿಗೆ, ಕದ ಮುಚ್ಚಿದ ಕಿಟಕಿಯಲ್ಲಿ ಪಂಜರ, ಕೊನೆಗೆ ಮಂಚ. ಮಂಚದ ಪಕ್ಕ ಮುದುಕ ಬಿದ್ದಿದ್ದ. ತಲೆ ಒಡೆದಿತ್ತು. ಹಿತ್ತಾಳೆಯ ದೀಪದ ಕಂಬ ಅಲ್ಲೇ ಇತ್ತು. ಕೆಲಸದ ಹುಡುಗಿ ಓರ್ಸೊಲ ಕೈಕಟ್ಟಿಸಿಕೊಂಡು ಮೂಲೆಯಲ್ಲಿ ನಿಂತಿದ್ದಳು. ಬೆಟ್ಟದ ಕಡೆಯವಳು, ಹತ್ತೊಂಬತ್ತು ವರ್ಷ. ಅವಳ ಉಡಿಯ ಬಟ್ಟೆಯೆಲ್ಲ ರಕ್ತ.

"ಇದೇನಯ್ಯ, ಮುದುಕ ಪಂಜರದಲ್ಲಿ ಗಿಡ ಸಾಕವ್ನೆ?" ಎಂದ ರುಜ್ಜೇರೊ. ಪಂಜರದೊಳಗೆ ಹಕ್ಕಿಯ ಜಾಗದಲ್ಲಿ ಕಾಮಕಸ್ತೂರಿಯ ಪುಟ್ಟ ಕುಂಡವಿತ್ತು.

"ಹಕ್ಕಿ ನಿನ್ನೆ ಮಧ್ಯಾಹ್ನ ಸತ್ತೋಯ್ತು," ಎಂದಳು ಓರ್ಸೊಲ. "ಖಾಲಿ ಪಂಜರ ನೋಡ್ಕಂಡು ಅಯ್ಯನೋರು ಅಳ್ತಾ ಕೂತಿದ್ರು. ಸಂಜೆ ಹೋಗೋವಾಗ ಕುಂಡ ಇಟ್ಟೆ."

"ಆಮೇಲೆ?"

"ಬಟ್ಟೆ ಒಗೆಯೋ ಕೊಟ್ಟಿಗೇಲಿ ಮಲಗಿದ್ದೆ. ಬೆಳಿಗ್ಗೆ ಬಂದೆ. ಎತ್ತಿ ಕೂರ್ಸೋಣ ಅಂತ ಹೋದೆ."

"ನೀನೇ ಕೊಂದ್ಯೋ?"

"ಇಲ್ಲ."

"ಇನ್ನೇನಾದ್ರೂ ಹೇಳೋದಿದ್ಯಾ?"

"ಇಲ್ಲ."

ಅವಳ ವಾದ ಅಷ್ಟೇ. ಸಿಬಾಲ್ದೊ ಬಾಗಿಲ ಎಡಕ್ಕಿದ್ದ ಒಲೆಯ ಮುಂದೆ ಕೂತು ಬೂದಿ ಕೆದಕುತ್ತಿದ್ದ. ಸುಟ್ಟ ಕಾಗದ, ಹಾಳೆ ಹೊಲಿಯುವ ದಾರದ ತುಂಡು, ಚರ್ಮದ ರಟ್ಟಿನ ಒಂದು ಮೂಲೆ. ಪೆಟ್ಟಿಗೆಯ ಮೇಲೆ ಬೆಳ್ಳಿಯ ಬಟ್ಟಲು ಇಟ್ಟ ಹಾಗೇ ಇತ್ತು.

"ಓದೋಕೆ ಬರ್ದ ಹುಡುಗಿ... ಬೆಳ್ಳಿ ಬಿಟ್ಟು ಕಾಗ್ದ ಸುಡ್ತಾಳಾ?" ಎಂದ. ಆಮೇಲೆ ಕೊತ್ವಾಲನಿಗೆ, "ಬಾಗಿಲಿಗೆ ಮುದ್ರೆ ಹಾಕು. ಒಳಗೆ ಕಂಡಿದ್ದನ್ನ ಯಾರಿಗೂ ಹೇಳ್ಬೇಡ."

"ಹೆಂಡ್ತಿಗೂ ಹೇಳಲ್ಲ ಬಿಡು. ಅವಳಿಗೆ ಹೇಳೋದೂ ಸಂತೇಲಿ ಡಂಗುರ ಹೊಡೆಯೋದೂ ಒಂದೇ," ಎಂದ ರುಜ್ಜೇರೊ. ನಾವು ಮೂವರೇ ಶವವನ್ನು ಹೊರಗೆ ಸಾಗಿಸಿದ ಮೇಲೆ, ನಮ್ಮೆದುರೇ ಅರಗು ಕರಗಿಸಿ ಮುದ್ರೆ ಒತ್ತಿ, ಹುಡುಗಿಯನ್ನು ಸೆರೆಮನೆಗೆ ಕರೆದೊಯ್ದ. ಅಲ್ಲಿ ಅವಳನ್ನು ಯಾರೂ ಭೇಟಿಯಾಗದಂತೆ ಕಾವಲಿತ್ತು.

ಮೂರನೇ ದಿನ ಇಗರ್ಜಿಯಲ್ಲಿ ಅನ್ಸೆಲ್ಮೊ ಮೇಷ್ಟ್ರು ಗುರುವಿನ ಶವದ ಮುಂದೆ ನಿಂತು, ಕೈಯಲ್ಲಿ ಚೀಟಿಯೂ ಇಲ್ಲದೆ ಒಂದು ಗಂಟೆ ಮಾತಾಡಿದರು. ನಾನು ಐದು ವರ್ಷ ಅವರ ಶಾಲೆಯಲ್ಲಿ ಕಲಿತವನು. ಈ ವಿದ್ಯೆ ನಮಗೂ ಹೇಳಿಕೊಟ್ಟಿದ್ದರು. ಕಣ್ಣಿಗೆ ಕಟ್ಟಿದ ಹಾಗಿರುವ ಒಂದು ಕೋಣೆಯನ್ನು ಮನಸ್ಸಿನಲ್ಲಿ ಇಟ್ಟುಕೊಳ್ಳಬೇಕು. ಬಾಗಿಲಿನಿಂದ ಬಲಕ್ಕೆ ನಡೆಯುತ್ತ ಒಂದೊಂದು ಸಾಮಾನಿನ ಮೇಲೆ ಒಂದೊಂದು ಮಾತು ಇಟ್ಟು ಬರಬೇಕು. ಭಾಷಣ ಮಾಡುವಾಗ ಮತ್ತೆ ಅದೇ ದಾರಿಯಲ್ಲಿ ನಡೆದು ಇಟ್ಟ ಮಾತುಗಳನ್ನು ಎತ್ತಿಕೊಳ್ಳಬೇಕು.

ಗುರುವಿನ ಬಾಳು ಬಿರುಕುಬಿಟ್ಟೂ ಸುಳ್ಳು ತೋರಿಸದ ಕನ್ನಡಿ ಎಂದರು. ಅವರ ವಿದ್ಯೆ ಯಾರಿಗೂ ಬೀಗ ಹಾಕದ ಪೆಟ್ಟಿಗೆ ಎಂದರು. ಆಮೇಲೆ ದನಿ ಇಳಿಸಿ, "ಮಕ್ಕಳು ಹೋದರು, ಮನೆಯ ಹಾಡು ನಿಂತಿತು. ಆದರೂ ಹಾಡು ನಿಂತ ಪಂಜರದಲ್ಲಿ ಕಾಮಕಸ್ತೂರಿ ಚಿಗುರಿದ ಹಾಗೆ ಅವರ ಮುಪ್ಪು ಘಮಘಮಿಸಿತು," ಎಂದರು. ಇಗರ್ಜಿಗೆ ಇಗರ್ಜಿಯೇ ಬಿಕ್ಕಿತು. ನಾನೂ ಅತ್ತೆ.

"ಎಂಥಾ ಉಪಮೆ! ಇದು ಬೇರೆ ಯಾರಿಗಾದ್ರೂ ಹೊಳೀತಿತ್ತಾ?" ಎಂದೆ.

ಸಿಬಾಲ್ದೊನ ಮುಖ ಬಿಳಿಚಿಕೊಂಡಿತ್ತು. "ಇಲ್ಲ," ಎಂದ. ನಂತರ ನೇರ ಮೇಷ್ಟ್ರ ಹತ್ತಿರ ಹೋಗಿ, ಎಲ್ಲರೂ ಸುತ್ತ ನಿಂತಿದ್ದಾಗಲೇ ಕೇಳಿದ: "ಮೇಷ್ಟ್ರೇ, ಅವರ ಕೋಣೆಗೆ ಕೊನೇ ಸಲ ಯಾವಾಗ ಹೋಗಿದ್ರಿ?"

"ಈಸ್ಟರ್ ಹಬ್ಬಕ್ಕೆ ಕಣಪ್ಪ. ಮಾತಿಗೆ ಮಾತು ಬೆಳೆದು ಮನಸ್ತಾಪ ಆಯ್ತು. ಆಮೇಲೆ ಹೊಸ್ತಿಲು ತುಳೀಲಿಲ್ಲ. ಆವತ್ತು ಆ ಹಕ್ಕಿ ಎಷ್ಟು ಚೆನ್ನಾಗಿ ಹಾಡ್ತಿತ್ತು ಗೊತ್ತಾ!"

ಓರ್ಸೊಲಳ ವಿಚಾರಣೆ ಪುರಸಭೆಯ ಒಂಬತ್ತು ಜನರ ಮುಂದೆ. ತಪ್ಪಿತಸ್ಥೆ ಎಂದರೆ ನೇಣು. ಅವಳ ಪರವಾಗಿ ಮಾತಾಡಲು ಒಪ್ಪಿದ್ದ ಸಿಬಾಲ್ದೊಗೆ ಹಿಂದಿನ ದಿನ ನಾನು ಒಂದು ಭಾಷಣ ಬರೆದುಕೊಟ್ಟೆ. ಎರಡು ಸಾಲು ಓದಿ ವಾಪಸು ಕೊಟ್ಟ.

"ಇದ್ರಲ್ಲಿ ನಾನು ಕಂಡಿದ್ದು ಎಲ್ಲಿದೆ? ಬರೀ ನೀನೇ ಇದ್ದೀಯ."

"ಪುಸ್ತಕದ ವಿಷ್ಯನಾದ್ರೂ ಎತ್ಬೇಡ ಮಾರಾಯ. ಆ ಒಂಬತ್ತು ಜನ್ರಲ್ಲಿ ಐವರು ಆವತ್ತು ಬಾಗ್ಲು ತೆಗ್ದಿರ್ಲಿ ಅಂದೋರು. ಅವರ ಹೆಸ್ರು ಅದ್ರಲ್ಲಿತ್ತು."

"ಯಾಕೆ ಕೊಂದ ಅಂತ ಹೇಳ್ದೆ ಯಾರು ಕೊಂದ ಅಂತ ಹೆಂಗೆ ಹೇಳ್ಲಿ?"

ಮರುದಿನ ಸಭೆಯಲ್ಲಿ ಎಲ್ಲರೂ ಇದ್ದರು. ಮೇಷ್ಟ್ರು ಮುಂದಿನ ಸಾಲಿನಲ್ಲಿ, ಓರ್ಸೊಲ ಕಂಬದ ಹತ್ತಿರ. ಸಿಬಾಲ್ದೊ ಎದ್ದು ನಿಂತು ಬಹಳ ಹೊತ್ತು ಸುಮ್ಮನಿದ್ದ. ಹಿಂದಿನಿಂದ ಯಾರೋ, "ದೀಪ ಹಚ್ಚೋ ಹೊತ್ತಿಗೆ ಮೊದಲ್ನೇ ಮಾತು ಬರ್ತದೆ," ಎಂದು ನಗಿಸಿದರು.

"ಕಳ್ಳಿ ಆಗಿದ್ರೆ... ಬೆಳ್ಳಿ ಬಟ್ಲು ಹೋಗ್ಬೇಕಿತ್ತು. ಹೋಗಿದ್ದು ಪುಸ್ತಕ. ಒಲೇಲಿ ದಾರ ಸಿಕ್ತು, ರಟ್ಟು ಸಿಕ್ತು. ಪುಸ್ತಕ ಸುಟ್ಟವನೇ ಕೊಂದವನು. ಅದು ಅಚ್ಚಾದ್ರೆ... ಮೇಷ್ಟ್ರ ಹೆಸರು ಮಣ್ಣುಪಾಲು." ಐವರ ಮುಖ ಗಂಟಿಕ್ಕಿತು. ಅವನು ನೋಡಲಿಲ್ಲ. "ಹಕ್ಕಿ ಸತ್ತಿದ್ದು ಕೊಲೆ ದಿನ ಮಧ್ಯಾಹ್ನ. ಕುಂಡ ಇಟ್ಟಿದ್ದು ಸಂಜೆ. ಬೆಳಿಗ್ಗೆ ಮುದ್ರೆ ಬಿತ್ತು. ಕುಂಡ ಕಂಡೋರು ಇವ್ಳು, ಕೊತ್ವಾಲ, ತದ್ದೇಯೊ, ನಾನು. ನಾವ್ಯಾರೂ ಬಾಯಿ ಬಿಟ್ಟಿಲ್ಲ. ಮೇಷ್ಟ್ರು ಹೋಗಿದ್ದು ಈಸ್ಟರಿಗೆ... ಆಗ ಪಂಜರದಲ್ಲಿ ಹಕ್ಕಿ. ಮತ್ತೆ ಕಾಮಕಸ್ತೂರಿ ಎಲ್ಲಿಂದ ಬಂತು? ಕನ್ನಡಿ, ಪೆಟ್ಟಿಗೆ, ಪಂಜರ... ಅದೇ ವರಸೆ. ಕೊಂದ ಮೇಲೆ ಅವರ ಕಣ್ಮುಂದೆ ಬೇರೆ ಕೋಣೇನೇ ಬರ್ಲಿಲ್ಲ. ಆ ಕೋಣೇಲೇ ನಡ್ಕೊಂಡು ಮಾತಾಡಿದ್ರು."

ರುಜ್ಜೇರೊ ಎದ್ದು, ಹೌದು, ಕುಂಡ ಇತ್ತು, ಯಾರಿಗೂ ಹೇಳಿಲ್ಲ ಎಂದ. ಒಂದು ಕ್ಷಣ ನನಗೆ ಹುಡುಗಿ ಉಳಿದಳು ಅನ್ನಿಸಿತು.

ಮೇಷ್ಟ್ರು ನಿಧಾನವಾಗಿ ಎದ್ದರು. ಮೊದಲು ಸಿಬಾಲ್ದೊನನ್ನು ಹೊಗಳಿದರು. "ಇಂಥ ಶ್ರದ್ಧೆ ನನ್ನ ಶಿಷ್ಯರಲ್ಲೂ ಕಂಡಿಲ್ಲ. ಆದ್ರೆ ಒಂದ್ಮಾತು ಕೇಳ್ತೀನಿ. ನರಕ ಬಣ್ಣಿಸಿದ ಕವಿ ಅಲ್ಲಿಗೆ ಹೋಗಿ ಬಂದಿದ್ನೇನು?" ಸಭೆ ನಕ್ಕಿತು. "ನಮ್ಮೂರಲ್ಲಿ ಕಾಮಕಸ್ತೂರಿ ಇಲ್ದ ಕಿಟಕಿ ಯಾವ್ದು? ಪಂಜರ ಇಲ್ದ ಮನೆ ಯಾವ್ದು? ಎರಡನ್ನೂ ಒಟ್ಟಿಗಿಟ್ಟಿದ್ದು ನನ್ನ ಅಪರಾಧ. ಕಲ್ಪನೆಗೂ ನೇಣು ಅನ್ನೋದಾದ್ರೆ ನಾಳೆ ನಿಮ್ಮ ಮಕ್ಕಳ ಬಾಯಿ ಹೊಲಿಸಿ!" ಆಮೇಲೆ ಗುರುವಿನ ನೆನಪು, ಕಣ್ಣೀರು, ಊರಿನ ಮಾನ. ಮುಕ್ಕಾಲು ಗಂಟೆ. ಸಿಬಾಲ್ದೊನ ಯಾವ ಪ್ರಶ್ನೆಗೂ ಅದರಲ್ಲಿ ಉತ್ತರವಿರಲಿಲ್ಲ. ಅದನ್ನು ಯಾರೂ ಗಮನಿಸಲಿಲ್ಲ. ನನಗೂ ಅದು ಹೊಳೆದದ್ದು ಮನೆಗೆ ಬಂದ ಮೇಲೆ.

ಒಂಬತ್ತು ಜನರೂ ಮತದ ಕಾಳು ಹಾಕಿದರು. ಹುಡುಗಿ ತಪ್ಪಿತಸ್ಥೆ ಎಂದು ಏಳು ಕಪ್ಪು, ಅಲ್ಲ ಎಂದು ಎರಡು ಬಿಳಿ.

"ಇನ್ನೇನಾದ್ರೂ ಹೇಳೋದಿದ್ಯಾ?" ಎಂದು ಅಧ್ಯಕ್ಷರು ಕೇಳಿದರು.

"ಗಿಡಕ್ಕೆ ನೀರು ಹಾಕಿ," ಎಂದಳು ಓರ್ಸೊಲ.

ಕೋಣೆಗೆ ಮುದ್ರೆ ಇತ್ತು. ಯಾರೂ ಹಾಕಲಿಲ್ಲ. ಶನಿವಾರ ಸಂತೆ ಮಾಳದಲ್ಲಿ ಅವಳನ್ನು ನೇಣಿಗೆ ಹಾಕಿದರು. ಅವತ್ತಿನಿಂದ ಸಿಬಾಲ್ದೊ ನನ್ನ ಜೊತೆಯೂ ಮಾತು ನಿಲ್ಲಿಸಿದ. ರುಜ್ಜೇರೊ ಮತ್ತೆ ನಮ್ಮ ಮೆಟ್ಟಿಲು ಹತ್ತಲಿಲ್ಲ.

ಇಗರ್ಜಿಯಲ್ಲಿ ಮೇಷ್ಟ್ರು ಮಾಡಿದ ಆ ಭಾಷಣ ಚಳಿಗಾಲದಲ್ಲಿ ನಮ್ಮ ಅಚ್ಚುಕೂಟದಲ್ಲೇ ಅಚ್ಚಾಯಿತು. ಕರಡು ತಿದ್ದಿದವನು ನಾನು. ತಪ್ಪು ಒಂದೂ ಸಿಗಲಿಲ್ಲ. ಈಗ ಶಾಲೆಯಲ್ಲಿ ಮಕ್ಕಳು ಅದನ್ನು ಬಾಯಿಪಾಠ ಮಾಡುತ್ತಾರೆ.

ಹೋದದ್ದು ಒಬ್ಬ ಮುದುಕ, ಒಬ್ಬಳು ಹುಡುಗಿ, ಒಂದು ಹಕ್ಕಿ, ಒಂದು ಗಿಡ, ನೂರ ಹದಿನಾಲ್ಕು ಹಾಳೆ. ಆ ಹಾಳೆಗಳಲ್ಲಿ ನಾನೂರ ಹನ್ನೆರಡು ಹೆಸರು.